ಕುರಿಗಾಹಿಯ ಮಾತು, ಬಿಷಪ್ಪನ ದಫ್ತರ

ಅರಸರ ಚರಿತ್ರೆಯನ್ನು ಬರೆಯಲು ಶಾಸನಗಳುಂಟು, ದಾನಪತ್ರಗಳುಂಟು. ಕುರಿ ಕಾಯ್ದು ಬದುಕಿದವನ ಚರಿತ್ರೆಗೆ ಆಧಾರವೇನು? ಫ್ರಾನ್ಸಿನ ಇತಿಹಾಸಕಾರ ಎಮಾನ್ಯುಯೆಲ್ ಲ ರ್ವಾ ಲಾದ್ಯೂರಿ (1929–2023) ಅವರು 1966ರಲ್ಲಿ ಲಾಂಗ್ವೆದೋಕಿನ ರೈತರನ್ನು ಕುರಿತು ಪ್ರಕಟಿಸಿದ ಗ್ರಂಥದಲ್ಲಿ ಈ ಪ್ರಶ್ನೆಗೆ ಬಹುಮಟ್ಟಿಗೆ ಅಂಕಿಗಳಿಂದಲೇ ಉತ್ತರಿಸಿದ್ದರು: ಕಂದಾಯ, ದಶಮಾಂಶ, ಕೂಲಿ, ಧಾನ್ಯದ ಬೆಲೆ. ಅಲ್ಲಿ ರೈತರಿದ್ದಾರೆ, ಅವರು ಬಾಯಿ ತೆರೆಯುವುದು ಮಾತ್ರ ಅಪರೂಪ. 1975ರಲ್ಲಿ ಹೊರಬಂದ ‘ಮೊಂತಾಯು’ ಗ್ರಂಥದಲ್ಲಿ ಹಳ್ಳಿಗರು ಮಾತನಾಡುತ್ತಾರೆ, ಧಾರಾಳವಾಗಿಯೇ ಮಾತನಾಡುತ್ತಾರೆ.

ಮೊಂತಾಯು ಪಿರೆನೀಸ್ ಪರ್ವತಗಳ ಮಡಿಲಿನ ಒಂದು ಸಣ್ಣ ಹಳ್ಳಿ. 14ನೆಯ ಶತಮಾನದ ಆದಿಯಲ್ಲಿ ಅಲ್ಲಿದ್ದವರು ಸುಮಾರು 250 ಮಂದಿ. ರೋಮಿನ ಚರ್ಚು ಪಾಷಂಡವೆಂದು ಬಹಿಷ್ಕರಿಸಿದ್ದ ಕ್ಯಾಥರ್ ಮತವು ಆ ಸೀಮೆಯಲ್ಲಿ ಇನ್ನೂ ಜೀವ ಹಿಡಿದುಕೊಂಡಿತ್ತು. ಪಾಮಿಯೆಯ ಬಿಷಪ್ ಜಾಕ್ ಫೂರ್ನಿಯೆ 1318ರಿಂದ 1325ರವರೆಗೆ ಅಲ್ಲಿಯವರನ್ನು ವಿಚಾರಣೆಗೆ ಕರೆಸಿದನು. 370 ದಿನಗಳಲ್ಲಿ 578 ವಿಚಾರಣೆಗಳು. ಈತನೇ 1334ರಲ್ಲಿ ಹನ್ನೆರಡನೆಯ ಬೆನೆಡಿಕ್ಟ್ ಎಂಬ ಹೆಸರಿನಿಂದ ಪೋಪನಾದನು. ಅವನ ದಫ್ತರ ವ್ಯಾಟಿಕನ್ ಗ್ರಂಥಾಲಯದಲ್ಲಿ ಉಳಿದು ಬಂದಿದೆ.

ಈ ದಫ್ತರದಿಂದ ಗ್ರಂಥಕರ್ತರು ಒಂದು ಊರನ್ನೇ ಎಬ್ಬಿಸಿ ನಿಲ್ಲಿಸಿದ್ದಾರೆ. ಅಲ್ಲಿ ಮನೆಯೆಂದರೆ ಬರಿಯ ಗೋಡೆ ಮಾಡುಗಳಲ್ಲ. ಅದು ಕುಲ, ಮಾನ, ಅದೃಷ್ಟ ಎಲ್ಲವೂ ಹೌದು. ಕ್ಲೆರ್ಗ್ ಮನೆತನದ ಹಿರಿಯನು ತೀರಿಕೊಂಡಾಗ, ಮನೆಯ ಭಾಗ್ಯ ಅವನೊಡನೆ ಹೊರಟುಹೋಗಬಾರದೆಂದು ಶವದಿಂದ ಕೂದಲನ್ನೂ ಉಗುರನ್ನೂ ಕತ್ತರಿಸಿ ತೆಗೆದಿರಿಸಿಕೊಂಡರಂತೆ. ಅದೇ ಮನೆಯ ಮಗ ಊರಿನ ಪಾದ್ರಿ; ಒಂದು ಕೈಯಿಂದ ಪಾಷಂಡಿಗಳನ್ನು ಕಾಯುತ್ತ, ಇನ್ನೊಂದು ಕೈಯಿಂದ ತನಗಾಗದವರನ್ನು ಹಿಡಿದುಕೊಡುತ್ತಿದ್ದವನು. ಕುರಿಗಾಹಿ ಪಿಯೆರ್ ಮೋರಿಗೆ ಸ್ವಂತ ಮನೆಯಿಲ್ಲ. ಹಿಂಡಿನೊಡನೆ ಪಿರೆನೀಸಿಗೂ ಕತಲೋನಿಯಾಕ್ಕೂ ನಡುವೆ ಅಲೆದ ಅವನ ಸೊತ್ತು ಗೆಳೆಯರು ಮಾತ್ರ. ಇವನ ಪುಟಗಳನ್ನು ಓದುವಾಗ ಕಾದಂಬರಿಯೊಂದರ ಪಾತ್ರದ ಪರಿಚಯವಾದಂತಾಗುತ್ತದೆ.

ನನ್ನ ಆಕ್ಷೇಪ ಹುಟ್ಟುವುದೂ ಇಲ್ಲಿಯೇ. ಮೋರಿ ಲೇಖಕರೊಡನೆ ಬೆಂಕಿ ಕಾಯಿಸುತ್ತ ಹರಟಿದವನಲ್ಲ. ನ್ಯಾಯಾಸನದ ಮುಂದೆ ನಿಂತು ನುಡಿದವನು. ಅವನಾಡಿದ್ದು ಆಕ್ಸಿಟನ್, ಲಿಪಿಕಾರ ಬರೆದದ್ದು ಲ್ಯಾಟಿನ್, ಬರೆದುದನ್ನು ಮತ್ತೆ ದೇಶನುಡಿಗೆ ತಿರುಗಿಸಿ ಅವನಿಗೆ ಓದಿ ಹೇಳಿದರು. ನಮ್ಮ ಕೈಗೆ ಸಿಗುವುದಾದರೋ ಫ್ರೆಂಚಿನಿಂದ 1978ರಲ್ಲಿ ಇಂಗ್ಲಿಷಿಗಿಳಿದ ಸಂಕ್ಷೇಪ. ಕನ್ನಡದಲ್ಲಿ ಹೇಳಿ ಪರಭಾಷೆಯ ಕಾಗದಕ್ಕೆ ಹೆಬ್ಬೆಟ್ಟೊತ್ತಿದ ಹಿರಿಯರನ್ನು ಕಂಡಿರುವ ಗಡಿನಾಡಿನ ನಮಗೆ ಈ ಅಂತರವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಲೇಖಕರಿಗೆ ಇದು ತಿಳಿಯದುದಲ್ಲ. ಪೀಠಿಕೆಯಲ್ಲಿ ಬಿಷಪ್ಪನ ಚಿತ್ರ ಸ್ಪಷ್ಟವಾಗಿಯೇ ಇದೆ. ಆದರೆ ಅಲ್ಲಿಂದ ಮುಂದೆ ಅವನು ರಂಗದಿಂದ ಬಹುತೇಕ ನಿರ್ಗಮಿಸುತ್ತಾನೆ; ಅವನು ಕೇಳಿದ ಪ್ರಶ್ನೆ ಅಳಿಸಿಹೋಗಿ ಉತ್ತರವಷ್ಟೇ ಉಳಿಯುತ್ತದೆ. ಬಿಸಿಲಿನಲ್ಲಿ ಕುಳಿತು ಹೆಂಗಸರು ಹೇನು ಹೆಕ್ಕುವ ರಮ್ಯ ಪ್ರಸಂಗವನ್ನೇ ನೋಡಿ. ಬಿಷಪ್ಪನಿಗೆ ಹೇನಿನಿಂದ ಆಗಬೇಕಾದುದೇನು? ಹೆಕ್ಕುವಾಗ ನಡೆದ ಮಾತಿನಲ್ಲಿ ಪಾಷಂಡವಿತ್ತೇ ಎಂಬುದಷ್ಟೇ ಅವನ ಕುತೂಹಲ. ಯಾರು ಯಾರೊಡನೆ ಉಂಡರೆಂಬುದು ಬರಹಕ್ಕೆ ಬಂದದ್ದೂ ಹಾಗೆಯೇ. ಉಳುವುದು ಬಿತ್ತುವುದು ಅಪರಾಧವಲ್ಲವಾದ್ದರಿಂದ ಅವು ದಾರಿಯಲ್ಲಿ ಸಿಕ್ಕಷ್ಟೇ ದೊರೆಯುತ್ತವೆ. ನಮಗೆ ನಿತ್ಯಜೀವನವಾಗಿ ಕಾಣುವುದು ಅಂದು ಸಾಕ್ಷ್ಯವಾಗಿತ್ತು. ಅದು ಇನ್ನೊಬ್ಬರನ್ನು ಸೆರೆಗೆ ದೂಡಬಲ್ಲುದಾಗಿತ್ತು. ಹಾಗಿರಲು, ಎಲ್ಲಿ ನೆನಪು, ಎಲ್ಲಿ ಭಯ, ಎಲ್ಲಿ ನೆರೆಯವನ ಮೇಲಿನ ಹಗೆ ಎಂದು ಪ್ರತಿ ಹೇಳಿಕೆಯಲ್ಲಿಯೂ ತೂಗಿ ನೋಡಬೇಕಾಗಿತ್ತು. ಆ ತೂಕ ಗ್ರಂಥದಲ್ಲಿ ಕೆಲವೆಡೆ ಇದೆ, ಬಹಳ ಕಡೆ ಇಲ್ಲ. ಲ್ಯಾಟಿನನ್ನು ಓದಿದುದರಲ್ಲಿಯೂ ತಪ್ಪುಗಳಿವೆಯೆಂದು ಲೆನರ್ಡ್ ಬಾಯ್ಲ್ 1981ರಲ್ಲಿ ತೋರಿಸಿದ್ದಾರೆ. ಅವು ತಿದ್ದಬಹುದಾದವು, ಹೆಚ್ಚು ಹೇಳಬೇಕಾಗಿಲ್ಲ.

ಇಷ್ಟಾದರೂ ಹಳ್ಳಿಯ ಚರಿತ್ರೆ ಬರೆಯಬೇಕೆಂದಿರುವ ನಮ್ಮ ತರುಣರು ಈ ಗ್ರಂಥವನ್ನು ಓದದೆ ಬಿಡಬಾರದು. ಓದುವಾಗ, ಲೇಖಕರು ಹೊರಗೆ ಕಳುಹಿಸಿದ ಬಿಷಪ್ಪನನ್ನು ಪ್ರತಿ ಅಧ್ಯಾಯಕ್ಕೂ ಮರಳಿ ಕರೆತಂದು ಕೂರಿಸಿಕೊಳ್ಳಲಿ. ಗೆಳೆತನವನ್ನು ಕುರಿತು ಅಷ್ಟು ಸೊಗಸಾಗಿ ನುಡಿದ ಮೋರಿಗೆ 1324ರಲ್ಲಿ ಆತನೇ ಸೆರೆವಾಸ ವಿಧಿಸಿದನು. ಆಮೇಲೆ ಆ ಕುರಿಗಾಹಿಯ ಸುದ್ದಿ ದಫ್ತರದಲ್ಲಿಲ್ಲ.