ಅನುಮಾನದ ಖರ್ಚೂ ನಮ್ಮದೇ

ವೀಸಾ ಫೀ ಜಾಸ್ತಿ ಆಯ್ತು ಅನ್ನೋ ಸುದ್ದಿ ಬಂದಾಗೆಲ್ಲ ಆಫೀಸಿನ ವಾಟ್ಸ್ಯಾಪ್ ಗ್ರೂಪುಗಳಲ್ಲಿ ಒಂದೇ ಲೆಕ್ಕ ಓಡಾಡುತ್ತೆ. ಹಳೇ ಫೀ ಎಷ್ಟು, ಹೊಸ ಫೀ ಎಷ್ಟು, ಇವತ್ತಿನ ಡಾಲರ್ ರೇಟಿಗೆ ರೂಪಾಯಿ ಎಷ್ಟು. ಲೆಕ್ಕ ಹಾಕೋದು ತಪ್ಪೇನಲ್ಲ. ಆದರೆ ವೀಸಾ ಪದ್ಧತಿಯ ಮೇಲಿನ ನಮ್ಮ ದೂರು ಅಲ್ಲಿಗೇ ನಿಂತುಬಿಡುತ್ತೆ ಅನ್ನೋದು ನನ್ನ ತಕರಾರು. ಫೀ ದುಬಾರಿಯೋ ಅಗ್ಗವೋ ಅಂತ ಕೇಳುವ ಮೊದಲು ಇನ್ನೊಂದು ಪ್ರಶ್ನೆ ಕೇಳಬೇಕು: ಆ ದುಡ್ಡಿಗೆ ನಮಗೆ ಸಿಗೋದು ಏನು?

ವೀಸಾ ಅಂತೂ ಅಲ್ಲ. ಹೆಚ್ಚಿನ ದೇಶಗಳ ನಿಯಮ ತೆಗೆದು ನೋಡಿದರೆ ಫೀ ಕಟ್ಟಿಸಿಕೊಳ್ಳೋದು ಅರ್ಜಿ ಪರಿಶೀಲಿಸೋದಕ್ಕೆ. ವೀಸಾ ಕೊಟ್ಟರೂ ಅಷ್ಟೇ, ಕೊಡದಿದ್ದರೂ ಅಷ್ಟೇ, ದುಡ್ಡು ವಾಪಸ್ ಬರಲ್ಲ. ಅಮೆರಿಕದ ವಿಸಿಟರ್ ವೀಸಾ, ಅಂದರೆ ಬಿ1/ಬಿ2, 2023ರ ಜೂನ್‌ನಲ್ಲಿ 160 ಡಾಲರ್‌ನಿಂದ 185ಕ್ಕೆ ಏರಿತು. ಯುರೋಪಿನ ಷೆಂಗೆನ್ ವೀಸಾ 2020ರಲ್ಲಿ 60 ಯೂರೋನಿಂದ 80ಕ್ಕೆ ಹೋಯ್ತು, 2024ರ ಜೂನ್ 11ರಿಂದ 90. ಅರ್ಜಿ ತಗೊಳ್ಳೋ ಖಾಸಗಿ ಕೇಂದ್ರದ ಸರ್ವಿಸ್ ಚಾರ್ಜ್ ಬೇರೆ. ಬ್ರಿಟನ್ನಿನ ಆರು ತಿಂಗಳ ವಿಸಿಟರ್ ವೀಸಾ 2025ರ ಏಪ್ರಿಲ್‌ನಲ್ಲಿ 127 ಪೌಂಡ್ ಆಯ್ತು.

ಒಟ್ಟು ಮೊತ್ತ ಎಷ್ಟು ದೊಡ್ಡದು ಅಂತ ತಿಳಿಯೋಕೆ ಒಂದು ಸಣ್ಣ ಗುಣಾಕಾರ ಸಾಕು. 2024ರಲ್ಲಿ ಭಾರತದಿಂದ ಷೆಂಗೆನ್ ವೀಸಾಕ್ಕೆ ಹೋದ ಅರ್ಜಿ ಸುಮಾರು 11 ಲಕ್ಷ. ತಿರಸ್ಕಾರ ಆದದ್ದು ಸುಮಾರು 1.65 ಲಕ್ಷ. ತಲಾ 80 ಯೂರೋ ಅಂತ ಹಳೇ ದರವನ್ನೇ ಹಿಡಿದರೂ 1.3 ಕೋಟಿ ಯೂರೋ ದಾಟುತ್ತೆ. ಇದರಲ್ಲಿ ಮಕ್ಕಳು, ರಿಯಾಯಿತಿ ಇರೋರು ಅಂತ ಸ್ವಲ್ಪ ಕಳೆಯಬೇಕು, ಸರಿ. ಕಳೆದರೂ ಉಳಿಯೋದು ಸಣ್ಣ ಮೊತ್ತವಲ್ಲ. ಒಂದೇ ವರ್ಷದಲ್ಲಿ, 'ಬರಬೇಡಿ' ಅನ್ನಿಸಿಕೊಳ್ಳೋದಕ್ಕೆ ನಾವು ಕಟ್ಟಿದ ದುಡ್ಡು ಅದು.

ಆಯ್ತು, ಇಲ್ಲ ಅನ್ನೋ ಹಕ್ಕು ಆ ದೇಶಗಳಿಗಿದೆ. ನನ್ನ ಪ್ರಶ್ನೆ, 'ಇಲ್ಲ' ಅಂದವರು 'ಯಾಕೆ' ಅಂತ ಹೇಳ್ತಾರಾ ಅನ್ನೋದು.

ಮೊದಲು ವೀಸಾದ ಬಗೆಗಳನ್ನೇ ನೋಡೋಣ. ಬಿ, ಎಫ್, ಎಚ್, ಎಲ್ ಅಂತ ಅಮೆರಿಕ ಅಕ್ಷರಮಾಲೆಯನ್ನೇ ಹಂಚಿದೆ. ಟೂರಿಸ್ಟ್, ಸ್ಟೂಡೆಂಟ್, ಕೆಲಸ ಅಂತ ಉದ್ದೇಶಕ್ಕೆ ತಕ್ಕ ಹಾಗೆ ವಿಂಗಡಿಸಿದ್ದಾರೆ ಅಂತ ಮೇಲ್ನೋಟಕ್ಕೆ ಅನ್ನಿಸುತ್ತೆ. ಕಾನೂನು ಓದಿದರೆ ಇನ್ನೊಂದು ವಿಂಗಡಣೆ ಕಾಣುತ್ತೆ: ಯಾರನ್ನು ಎಷ್ಟು ಅನುಮಾನಿಸಬೇಕು ಅನ್ನೋದು. ಅಮೆರಿಕದ ವಲಸೆ ಕಾನೂನಿನ 214(ಬಿ) ಸೆಕ್ಷನ್ ಪ್ರಕಾರ, ವೀಸಾ ಕೇಳೋಕೆ ಬಂದ ಪ್ರತಿಯೊಬ್ಬರೂ ಅಲ್ಲೇ ನೆಲೆಸೋಕೆ ಬಂದವರು ಅಂತಲೇ ಅಧಿಕಾರಿ ಅಂದುಕೊಳ್ಳಬೇಕು. ಹಾಗಲ್ಲ ಅಂತ ಸಾಬೀತು ಮಾಡೋ ಹೊಣೆ ಅರ್ಜಿದಾರರದ್ದು. ಆದರೆ ಈ ನಿಯಮದಿಂದ ಕೆಲವರಿಗೆ ವಿನಾಯಿತಿ ಇದೆ. ಕಂಪನಿ ಕಳಿಸೋ ಎಚ್-1ಬಿ ಮತ್ತು ಎಲ್-1 ವೀಸಾದವರು ಆ ಪಟ್ಟಿಯಲ್ಲಿದ್ದಾರೆ. ಅವರು ಗ್ರೀನ್ ಕಾರ್ಡ್ ಆಸೆ ಇಟ್ಟುಕೊಂಡೇ ಹೋಗಬಹುದು, ಅದನ್ನು ತಪ್ಪು ಅಂತ ಕಾನೂನು ಎಣಿಸಲ್ಲ.

ಇದರ ಅರ್ಥ ಏನು ಅಂತ ನೋಡೋಕೆ ತಿಪಟೂರು ಕಡೆಯ ಒಬ್ಬ ಅಮ್ಮನನ್ನು ಊಹಿಸಿಕೊಳ್ಳಿ. ಮಗಳು ನ್ಯೂಜೆರ್ಸಿಯಲ್ಲಿ ಎಚ್-1ಬಿ ಮೇಲೆ ಕೆಲಸದಲ್ಲಿದ್ದಾಳೆ, ಈಗ ಏಳು ತಿಂಗಳ ಬಸುರಿ. ಅಮ್ಮ ಬಾಣಂತನಕ್ಕೆ ಹೋಗಬೇಕು. ಮಗಳು ಅಲ್ಲೇ ಉಳಿಯೋ ಸಾಧ್ಯತೆ ಹೆಚ್ಚು, ಅವಳನ್ನು ಕಾನೂನು ಆ ಬಗ್ಗೆ ಕೇಳಲ್ಲ. ಅಮ್ಮನಿಗೆ ಅಲ್ಲಿಯ ಚಳಿ ನೆನೆಸಿಕೊಂಡರೇ ಭಯ, ನಾಲ್ಕು ತಿಂಗಳಾದ ಮೇಲೆ ತೋಟಕ್ಕೆ ವಾಪಸ್ ಬರದೇ ಇರೋ ಮಾತೇ ಇಲ್ಲ. ಆದರೆ ವಾಪಸ್ ಬರ್ತೀನಿ ಅಂತ ಸಾಬೀತು ಮಾಡಬೇಕಾದವರು ಅವರೇ. ಯಾವ ದಾಖಲೆ ತೋರಿಸ್ತಾರೆ? ಸಂಬಳದ ಸ್ಲಿಪ್ ಇಲ್ಲ. ಗಂಡ ತೀರಿಕೊಂಡಿದ್ದಾರೆ. ಪಹಣಿ ಇನ್ನೂ ಮಾವನ ಹೆಸರಲ್ಲೇ ಇದೆ. ಇನ್‌ಕಮ್ ಟ್ಯಾಕ್ಸ್ ಕಟ್ಟೋ ಅಷ್ಟು ಆದಾಯ ಇಲ್ಲ. ಊರಿಗೆ ಅವರನ್ನು ಕಟ್ಟಿಹಾಕಿರೋದು ತೆಂಗಿನ ತೋಟ, ಎರಡು ಎಮ್ಮೆ, ಗೌರಿ ಹಬ್ಬ, ಪಕ್ಕದ ಮನೆಯ ತಂಗಿ. ಇವು ಯಾವುದಕ್ಕೂ ರಸೀದಿ ಬರಲ್ಲ. ಫಾರ್ಮಿನಲ್ಲಿ ಬಾಣಂತನ ಅನ್ನೋ ಖಾನೆಯೂ ಇಲ್ಲ, ಅವರು ಬಿ2, ಅಂದರೆ ಪ್ರವಾಸಿ.

ಹೊರಡೋ ಖರ್ಚು ಬೇರೆ. ಬೆಂಗಳೂರಿನಲ್ಲಿ ಅಮೆರಿಕದ ಕಾನ್ಸುಲೇಟ್ 2025ರ ಜನವರಿಯಲ್ಲಿ ಉದ್ಘಾಟನೆ ಆಯ್ತು, ನಿಜ. ವೀಸಾ ಸೇವೆ ಮಾತ್ರ ಅದರ ಜೊತೆಗೆ ಶುರುವಾಗಲಿಲ್ಲ. ಹಾಗಾಗಿ ನಮ್ಮ ರಾಜ್ಯದವರು ಚೆನ್ನೈಗೋ ಹೈದರಾಬಾದಿಗೋ ಹೋಗಿ ಬೆರಳಚ್ಚಿಗೆ ಒಂದು ದಿನ, ಸಂದರ್ಶನಕ್ಕೆ ಇನ್ನೊಂದು ದಿನ ಇಟ್ಟುಕೊಳ್ಳೋದು ರೂಢಿ. ಜೊತೆಗೆ ಒಬ್ಬರು ಹೋಗಬೇಕು, ಲಾಡ್ಜ್ ಮಾಡಬೇಕು. ಇಷ್ಟೆಲ್ಲ ಆಗಿ ಕಿಟಕಿಯ ಮುಂದೆ ನಿಂತರೆ ಮಾತು ಮುಗಿಯೋಕೆ ಕೆಲವೇ ನಿಮಿಷ. ಆಗಲಿಲ್ಲ ಅಂದರೆ ಕೈಗೆ ಬರೋದು 214(ಬಿ) ಅಂತ ನಮೂದಿಸಿದ, ಎಲ್ಲರಿಗೂ ಒಂದೇ ತರ ಇರೋ ಚೀಟಿ. ಅಮ್ಮನ ಯಾವ ಉತ್ತರ ಸರಿ ಹೋಗಲಿಲ್ಲ, ಯಾವ ಕಾಗದ ಸಾಲಲಿಲ್ಲ ಅನ್ನೋದು ಅದರಲ್ಲಿ ಇರಲ್ಲ. ಮೇಲ್ಮನವಿಗೆ ಅವಕಾಶ ಇಲ್ಲ. ಮತ್ತೆ ಅರ್ಜಿ ಹಾಕಬಹುದು, ಮತ್ತೆ 185 ಡಾಲರ್ ಕಟ್ಟಬೇಕು. ಏನು ಬದಲಾಯಿಸಿಕೊಂಡು ಹಾಕಬೇಕು ಅಂತ ಮಾತ್ರ ಯಾರಿಗೂ ಗೊತ್ತಿಲ್ಲ.

ಇದನ್ನು ಬೇರೆ ಎರಡು ಕಡೆಯ ತಿರಸ್ಕಾರ ಪತ್ರಗಳ ಜೊತೆ ಇಟ್ಟು ಓದಿದರೆ ವಿಷಯ ಇನ್ನೂ ಸ್ಪಷ್ಟ ಆಗುತ್ತೆ.

ಷೆಂಗೆನ್ ದೇಶಗಳದ್ದು ಒಂದು ನಮೂನೆ. ಹತ್ತಕ್ಕೂ ಹೆಚ್ಚು ಕಾರಣಗಳನ್ನು ಮೊದಲೇ ಅಚ್ಚು ಹಾಕಿ, ಪಕ್ಕದಲ್ಲಿ ಚೌಕಗಳನ್ನು ಬಿಟ್ಟಿರುತ್ತಾರೆ. ಅಧಿಕಾರಿ ಟಿಕ್ ಹಾಕ್ತಾರೆ. ವೀಸಾ ಮುಗಿಯೋದರೊಳಗೆ ನೀವು ವಾಪಸ್ ಹೋಗ್ತೀರಿ ಅನ್ನೋದರ ಬಗ್ಗೆ ಅನುಮಾನ ಇದೆ ಅನ್ನೋದು ಅದರಲ್ಲೊಂದು. ಷರಾ ಬರೆಯೋಕೆ ಜಾಗವೂ ಇದೆ. ಕಾರಣ ಇದೆ ಅಂತ ಹೇಳಬಹುದು, ಆದರೆ ಅದು ನಿಮ್ಮ ಕಾರಣ ಅಲ್ಲ, ಅಚ್ಚಾದ ಕಾರಣ. ಹಾಗಿದ್ದರೂ ಒಂದು ವಿಷಯದಲ್ಲಿ ಯುರೋಪನ್ನು ಮೆಚ್ಚಲೇಬೇಕು. ಅಲ್ಲಿ ಮೇಲ್ಮನವಿ ಹಕ್ಕು ಕಾನೂನಿನಲ್ಲೇ ಇದೆ. ಅದು ಇಲಾಖೆಯ ಒಳಗೇ ಸುತ್ತಿದರೆ ಸಾಲದು, ಯಾವುದೋ ಹಂತದಲ್ಲಿ ನ್ಯಾಯಾಲಯದ ಮುಂದೆ ಬರಲೇಬೇಕು ಅಂತ ಯುರೋಪಿಯನ್ ನ್ಯಾಯಾಲಯ 2017ರ ಡಿಸೆಂಬರ್‌ನಲ್ಲಿ ಎಲ್ ಹಸನಿ ಪ್ರಕರಣದಲ್ಲಿ ತೀರ್ಪು ಕೊಟ್ಟಿತು. 2020ರ ಇನ್ನೊಂದು ತೀರ್ಪು ಒಂದು ಹೆಜ್ಜೆ ಮುಂದೆ ಹೋಯ್ತು: ಬೇರೆ ಸದಸ್ಯ ದೇಶದ ಆಕ್ಷೇಪಣೆಯಿಂದ ವೀಸಾ ತಿರಸ್ಕಾರ ಆಗಿದ್ದರೆ, ಆ ದೇಶ ಯಾವುದು, ಆಕ್ಷೇಪಣೆ ಏನು ಅಂತ ಅರ್ಜಿದಾರರಿಗೆ ತಿಳಿಸಬೇಕು. ಹಕ್ಕನ್ನು ಬಳಸೋದು ಸುಲಭ ಅಂತ ಅಲ್ಲ. ತಿರಸ್ಕರಿಸಿದ ದೇಶದ ಕಾನೂನಿನ ಪ್ರಕಾರ, ಬಹಳ ಸಲ ಅದರ ಭಾಷೆಯಲ್ಲೇ ಹೋರಾಡಬೇಕು. ಆದರೂ ಒಂದು ಬಾಗಿಲಿದೆ.

ಬ್ರಿಟನ್ ಇದಕ್ಕೆ ಉಲ್ಟಾ. ಅಲ್ಲಿಂದ ಬರೋ ಪತ್ರದಲ್ಲಿ ಕಾರಣಗಳನ್ನು ವಾಕ್ಯಗಳಲ್ಲಿ ಬರೆದಿರುತ್ತಾರೆ. ನಿಮ್ಮ ಬ್ಯಾಂಕ್ ಖಾತೆಗೆ ಈ ದೊಡ್ಡ ಮೊತ್ತ ಎಲ್ಲಿಂದ ಬಂತು ಅಂತ ವಿವರಿಸಿಲ್ಲ ಅನ್ನೋ ತರ. ಒಪ್ಪೋದೋ ಬಿಡೋದೋ, ಓದಿದರೆ ಏನು ಸರಿಮಾಡಬೇಕು ಅಂತ ತಿಳಿಯುತ್ತೆ. ಆದರೆ ಬಂಧುಗಳನ್ನು ನೋಡೋಕೆ ಹೋಗುವವರಿಗೆ ಇದ್ದ ಪೂರ್ಣ ಮೇಲ್ಮನವಿ ಹಕ್ಕನ್ನು 2013ರಲ್ಲಿ ತೆಗೆದುಹಾಕಿದರು. ಈಗ ಕಾರಣ ಸಿಗುತ್ತೆ, ಕೇಳೋರು ಸಿಗೋದು ಕಷ್ಟ.

ಅಂದರೆ ಒಬ್ಬರು ಕಾರಣ ಬರೀತಾರೆ, ಒಬ್ಬರು ಮೇಲ್ಮನವಿ ಕೊಡ್ತಾರೆ, ಅಮೆರಿಕ ಎರಡನ್ನೂ ಕೊಡಲ್ಲ. ಅಲ್ಲಿ ಕಾನ್ಸುಲರ್ ಅಧಿಕಾರಿಯ ತೀರ್ಮಾನವನ್ನು ನ್ಯಾಯಾಲಯಗಳು ಮುಟ್ಟಲ್ಲ ಅನ್ನೋದು ಹಳೇ ಸಿದ್ಧಾಂತ. 2024ರ ಜೂನ್‌ನಲ್ಲಿ ಮುನ್ಯೋಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಗಟ್ಟಿ ಮಾಡಿತು. ಅಲ್ಲಿ ದೂರು ಕೊಟ್ಟಿದ್ದು ಅಮೆರಿಕದ ಪ್ರಜೆಯೇ. ಎಲ್ ಸಾಲ್ವಡಾರ್‌ನ ಗಂಡನಿಗೆ ವೀಸಾ ಯಾಕೆ ಕೊಡಲಿಲ್ಲ ಅನ್ನೋ ವಿವರ ಗೊತ್ತಾಗಿದ್ದು ಕೋರ್ಟ್ ಮೆಟ್ಟಿಲು ಹತ್ತಿದ ಮೇಲೆ, ವರ್ಷಗಳ ನಂತರ. ಸ್ವಂತ ಪ್ರಜೆಗೇ ಹೀಗಾದರೆ ತಿಪಟೂರಿನ ಅಮ್ಮನ ಪಾಡು ಏನು ಅಂತ ಬೇರೆ ಹೇಳಬೇಕಾಗಿಲ್ಲ.

ಇದಕ್ಕೆ ಎದುರು ವಾದ ಇದೆ, ಅದನ್ನು ಹಗುರವಾಗಿ ತಗೋಬಾರದು. ಅವಧಿ ಮೀರಿ ಉಳಿಯೋರು ಇದ್ದಾರೆ. ಲಕ್ಷಾಂತರ ಅರ್ಜಿ ನೋಡೋಕೆ ಸಿಬ್ಬಂದಿ ಬೇಕು, ತಿರಸ್ಕರಿಸೋ ಅರ್ಜಿಗೂ ಅಷ್ಟೇ ಕೆಲಸ ಹಿಡಿಯುತ್ತೆ, ಆ ಖರ್ಚನ್ನು ಅಲ್ಲಿನ ತೆರಿಗೆದಾರ ಯಾಕೆ ಹೊರಬೇಕು? ನ್ಯಾಯವಾದ ಮಾತು. ಆದರೆ ಖರ್ಚಿನ ವಾದ ಎಲ್ಲ ಕಡೆ ನಿಲ್ಲಲ್ಲ. ಬ್ರಿಟನ್ನಿನ ಕಾನೂನು ಖರ್ಚಿಗಿಂತ ಹೆಚ್ಚು ಫೀ ಇಡೋಕೆ ಅವಕಾಶ ಕೊಡುತ್ತೆ. ಅಲ್ಲಿ ಕಾಯಂ ಆಗಿ ನೆಲೆಸೋ ಅರ್ಜಿಯ ಫೀ, ಸರ್ಕಾರ ತಾನೇ ಪ್ರಕಟಿಸೋ ಅಂದಾಜು ವೆಚ್ಚಕ್ಕಿಂತ ಹಲವು ಪಟ್ಟು ಜಾಸ್ತಿ. ದುಡ್ಡು ವಾಪಸ್ ಕೊಡೋ ವ್ಯವಸ್ಥೆ ಅಸಾಧ್ಯ ಅನ್ನೋದೂ ಸುಳ್ಳು. ಕೆಲಸಕ್ಕೆ ಹೋಗುವವರು ವರ್ಷಕ್ಕೆ 1,035 ಪೌಂಡ್‌ನಂತೆ ಮುಂಗಡ ಕಟ್ಟೋ ಆರೋಗ್ಯ ಸರ್‌ಚಾರ್ಜನ್ನು, ವೀಸಾ ಆಗದಿದ್ದರೆ ಅದೇ ಬ್ರಿಟನ್ ಹಿಂದಿರುಗಿಸುತ್ತೆ. 2025ರ ಜುಲೈ 4ರಂದು ಸಹಿಯಾದ ಅಮೆರಿಕದ ಕಾನೂನಿನಲ್ಲಿ 250 ಡಾಲರ್‌ನ 'ವೀಸಾ ಇಂಟೆಗ್ರಿಟಿ ಫೀ' ಇದೆ. ಅದು ವೀಸಾ ಸಿಕ್ಕವರಿಗೆ ಮಾತ್ರ. ನಿಯಮ ಪಾಲಿಸಿ ವಾಪಸ್ ಹೋದವರಿಗೆ ಅದನ್ನು ಮರಳಿಸಬಹುದು ಅಂತಲೂ ಆ ಕಾನೂನೇ ಹೇಳುತ್ತೆ. ಮನಸ್ಸು ಮಾಡಿದರೆ ಮರಳಿಸೋ ದಾರಿ ಅವರಿಗೂ ಗೊತ್ತಿದೆ.

ಇನ್ನು ನಮ್ಮ ಕಡೆ ನೋಡೋಣ. ಕಾರಣ ಹೇಳದ ಪದ್ಧತಿ ಜನರನ್ನು ಎರಡು ಕಡೆಗೆ ಓಡಿಸುತ್ತೆ. ಒಂದು ದೇವರ ಕಡೆಗೆ. ಹೈದರಾಬಾದ್ ಹತ್ತಿರದ ಚಿಲುಕೂರು ಬಾಲಾಜಿಗೆ 'ವೀಸಾ ಬಾಲಾಜಿ' ಅಂತ ಹೆಸರು ಬಂದದ್ದು ಸುಮ್ಮನೆ ಅಲ್ಲ. ಬೇಡಿಕೊಳ್ಳೋಕೆ 11 ಪ್ರದಕ್ಷಿಣೆ, ಕೆಲಸ ಆದಮೇಲೆ 108. ಅಲ್ಲಿ ಲೆಕ್ಕವಾದರೂ ಸ್ಪಷ್ಟ ಇದೆ. ಇನ್ನೊಂದು ಏಜೆಂಟರ ಕಡೆಗೆ. ಡಮ್ಮಿ ಟಿಕೆಟ್ ಹಾಕಿ, ಅಕೌಂಟಿಗೆ ಮೂರು ತಿಂಗಳು ಯಾರದ್ದಾದರೂ ದುಡ್ಡು ಇಡಿಸಿ, ಬಾಣಂತನ ಅನ್ನಬೇಡಿ ಆಂಟಿ, ಊರು ನೋಡೋಕೆ ಅನ್ನಿ. ಈ ಸಲಹೆಗಳನ್ನು ನಮ್ಮಂಥ ಓದಿದವರೇ ಗ್ರೂಪಿನಿಂದ ಗ್ರೂಪಿಗೆ ದಾಟಿಸ್ತೀವಿ. ಸುಳ್ಳು ಹೇಳಿದ್ದು ಗೊತ್ತಾದರೆ ಆ ಸುಳ್ಳೇ ಮುಂದಿನ ಎಲ್ಲ ಅರ್ಜಿಗಳಿಗೂ ಕಂಟಕ ಆಗುತ್ತೆ, ಅಮೆರಿಕದ ಕಾನೂನಿನಲ್ಲಂತೂ ಅದು ಜೀವನಪೂರ್ತಿ ತಡೆಯಾಗಬಹುದು. ಸಲಹೆ ಕೊಟ್ಟವರಿಗೆ ಏನೂ ಆಗಲ್ಲ, ಸಿಕ್ಕಿಹಾಕಿಕೊಳ್ಳೋದು ಅಮ್ಮ.

ನಮ್ಮ ಸರ್ಕಾರದ ಇ-ವೀಸಾವನ್ನೂ ಇದೇ ತಕ್ಕಡಿಯಲ್ಲಿ ಇಡಬೇಕು. ಭಾರತದ ಇ-ವೀಸಾ ಫೀ ಕೂಡ ದೇಶದಿಂದ ದೇಶಕ್ಕೆ ಬೇರೆ, ಅದೂ ಮರುಪಾವತಿ ಆಗಲ್ಲ. ಬೇರೆಯವರಿಂದ ಕೇಳೋದನ್ನು ನಾವು ಮೊದಲು ಕೊಟ್ಟರೆ ಮಾತಿಗೆ ತೂಕ ಬರುತ್ತೆ.

ಏನು ಕೇಳಬೇಕು? ಎಲ್ಲರಿಗೂ ವೀಸಾ ಕೊಡಿ ಅಂತ ಅಲ್ಲ, ಫೀ ಇಳಿಸಿ ಅಂತಲೂ ಅಲ್ಲ. ಮೂರೇ ಸಂಗತಿ. ತಿರಸ್ಕರಿಸಿದರೆ ಬ್ರಿಟನ್ ಬರೆಯೋ ಹಾಗೆ ನಮ್ಮ ಅರ್ಜಿಗೆ ಸಂಬಂಧಪಟ್ಟ ಕಾರಣ ಬರೆದು ಕೊಡಿ. ಅದನ್ನು ಪ್ರಶ್ನಿಸೋಕೆ ಯುರೋಪಿನಲ್ಲಿರೋ ಹಾಗೆ ಒಂದು ಜಾಗ ಇರಲಿ. ಒಂದು ವರ್ಷದೊಳಗೆ ಕೊರತೆ ಸರಿಪಡಿಸಿ ಮತ್ತೆ ಬಂದರೆ ಎರಡನೇ ಸಲ ಪೂರ್ತಿ ಫೀ ಕೇಳಬೇಡಿ. ಮೊದಲಿನ ಎರಡು ಈಗಾಗಲೇ ಒಂದಲ್ಲ ಒಂದು ಕಡೆ ನಡೀತಿವೆ, ಮೂರನೆಯದು ನಮ್ಮಲ್ಲಿ ಕೆಇಬಿ ಕೌಂಟರಿನವರೂ ಒಪ್ಪೋ ಅಷ್ಟು ಸಾಧಾರಣ ಮಾತು.

2024ರ ಏಪ್ರಿಲ್‌ನಲ್ಲಿ ಯುರೋಪಿಯನ್ ಕಮಿಷನ್ ಭಾರತೀಯರಿಗಾಗಿ ಷೆಂಗೆನ್ ನಿಯಮ ಸಡಿಲಿಸಿತು. ಮೂರು ವರ್ಷದೊಳಗೆ ಎರಡು ವೀಸಾ ಪಡೆದು ನೆಟ್ಟಗೆ ಬಳಸಿದವರಿಗೆ ಎರಡು ವರ್ಷದ ವೀಸಾ, ಅದಾದ ಮೇಲೆ ಐದು ವರ್ಷದ್ದು. ಎರಡು ದೇಶಗಳ ನಡುವೆ ಮಾತುಕತೆ ಆದರೆ ನಿಯಮ ಬದಲಾಗುತ್ತೆ ಅನ್ನೋದಕ್ಕೆ ಇದು ಸಾಕ್ಷಿ. ಆದರೆ ಇದರ ಲಾಭ ಆಗಲೇ ಹೋಗಿಬಂದವರಿಗೆ, ಅಂದರೆ ಹೆಚ್ಚಾಗಿ ನಮಗೆ. ಮೊದಲ ಸಲ ಪಾಸ್‌ಪೋರ್ಟ್ ಮಾಡಿಸಿದ ಅಮ್ಮಂದಿರು ಇನ್ನೂ ಸಾಲಿನ ಕೊನೆಯಲ್ಲೇ ನಿಂತಿದ್ದಾರೆ. ಮುಂದಿನ ಸಲ ಭಾರತ ಸರ್ಕಾರ ಎಚ್-1ಬಿ ಬಗ್ಗೆ ಮಾತಾಡೋಕೆ ಕೂತಾಗ, 2025ರ ಸೆಪ್ಟೆಂಬರ್‌ನಲ್ಲಿ ಘೋಷಣೆಯಾದ 1 ಲಕ್ಷ ಡಾಲರ್ ಶುಲ್ಕಕ್ಕೆ ನಾವೆಲ್ಲ ಎಬ್ಬಿಸಿದ ಗಲಾಟೆಯಲ್ಲಿ ಕಾಲುಭಾಗವನ್ನಾದರೂ ಅವರ 185 ಡಾಲರಿಗೆ ಎಬ್ಬಿಸಬೇಕು.